ಹೊಸ ಯಂತ್ರ ಕೊಳ್ಳುವ ಮೊದಲಿನ ಲೆಕ್ಕ

ಮಝಾಕ್ ಹೆಸರಿನ ಯಂತ್ರಗಳನ್ನು ನಮ್ಮ ಕಾರ್ಖಾನೆಗಳಲ್ಲಿ ಕೆಲಸ ಮಾಡುವ ಅನೇಕರು ಬಲ್ಲರು. ಅವುಗಳನ್ನು ತಯಾರಿಸುವ ಜಪಾನಿನ ಯಮಝಾಕಿ ಕಂಪನಿ 1980ರ ದಶಕದಲ್ಲಿ 1 ಕೋಟಿ 80 ಲಕ್ಷ ಡಾಲರ್ ಸುರಿದು, ಕಂಪ್ಯೂಟರ್ ಹಿಡಿತದಲ್ಲಿ ನಡೆಯುವ ಉತ್ಪಾದನಾ ವ್ಯವಸ್ಥೆಯೊಂದನ್ನು ಕಟ್ಟಿತು. 68 ಯಂತ್ರಗಳು ಮಾಡುತ್ತಿದ್ದ ಕೆಲಸಕ್ಕೆ 18 ಸಾಕಾದವು. 215 ಜನ ಇದ್ದಲ್ಲಿ 12 ಜನ ಉಳಿದರು. 1 ಲಕ್ಷ 3 ಸಾವಿರ ಚದರ ಅಡಿ ನೆಲ 30 ಸಾವಿರಕ್ಕೆ ಇಳಿಯಿತು. ಒಂದು ಬಿಡಿಭಾಗ ತಯಾರಾಗಿ ಹೊರಬರಲು ಮೊದಲು 35 ದಿನ ಹಿಡಿಯುತ್ತಿತ್ತು, ಆಮೇಲೆ ಒಂದೂವರೆ ದಿನ ಸಾಕಾಯಿತು.

ಇಂಥ ಯಶಸ್ಸನ್ನು ಯಾರು ತಾನೇ ಬೇಡವೆನ್ನುತ್ತಾರೆ? ಲೆಕ್ಕಪತ್ರ ಬೇಡವೆನ್ನುತ್ತದೆ. ಮೊದಲ ಎರಡು ವರ್ಷಗಳ ಒಟ್ಟು ಉಳಿತಾಯ 69 ಲಕ್ಷ ಡಾಲರ್. ಅದರಲ್ಲಿ 39 ಲಕ್ಷ, ದಾಸ್ತಾನು ಕರಗಿದ್ದರಿಂದ ಒಂದೇ ಸಲ ಬಂದ ಹಣ. ಉಳಿದದ್ದು ವರ್ಷಕ್ಕೆ 15 ಲಕ್ಷ ಡಾಲರ್. ಅದು 20 ವರ್ಷ ತಪ್ಪದೆ ಬಂದರೂ ಹೂಡಿಕೆಯ ಮೇಲಿನ ಪ್ರತಿಫಲ ಶೇಕಡಾ 10 ಮುಟ್ಟುವುದಿಲ್ಲ. ಶೇಕಡಾ 15ಕ್ಕಿಂತ ಕಡಿಮೆ ಪ್ರತಿಫಲ ಬೇಡ, ಐದು ವರ್ಷದೊಳಗೆ ಅಸಲು ವಾಪಸು ಬರಬೇಕು ಎನ್ನುತ್ತಿದ್ದ ಆ ಕಾಲದ ಅಮೆರಿಕದ ಕಂಪನಿಗಳು ಈ ಪ್ರಸ್ತಾವವನ್ನು ಬದಿಗಿಡುತ್ತಿದ್ದವು. ಹಾರ್ವರ್ಡ್‌ನ ಪ್ರಾಧ್ಯಾಪಕ ರಾಬರ್ಟ್ ಕಪ್ಲನ್ 1986ರಲ್ಲಿ ಈ ಉದಾಹರಣೆಯನ್ನೇ ಮುಂದಿಟ್ಟುಕೊಂಡು ಒಂದು ಪ್ರಶ್ನೆ ಎತ್ತಿದರು: ಇಂಥ ಯಂತ್ರಗಳನ್ನು ಬರೀ ನಂಬಿಕೆಯ ಮೇಲೆ ಕೊಳ್ಳಬೇಕೆ, ಅಥವಾ ನಾವು ಲೆಕ್ಕ ಹಾಕುವ ಕ್ರಮದಲ್ಲೇ ಏನಾದರೂ ಬಿಟ್ಟುಹೋಗಿದೆಯೆ?

ಕಪ್ಲನ್ ಲೆಕ್ಕವನ್ನು ಕೈಬಿಡಿ ಎನ್ನಲಿಲ್ಲ, ಸರಿಯಾಗಿ ಹಾಕಿ ಎಂದರು. ನಾನೂ ಅದನ್ನೇ ನಂಬಿದವನು. ಈ ಮಾತು ಬೆಂಗಳೂರಿನ ಪೀಣ್ಯದ ಒಂದು ಸಣ್ಣ ಶೆಡ್ಡಿಗೂ ಅನ್ವಯಿಸುತ್ತದೆ ಎಂಬುದನ್ನು ತೋರಿಸಲು ಒಂದು ಕಲ್ಪಿತ ಉದಾಹರಣೆ ಕೊಡುತ್ತೇನೆ. ಕಾಗದ ಪೆನ್ನು ಹತ್ತಿರವಿದ್ದರೆ ತೆಗೆದುಕೊಳ್ಳಿ.

ಹಳೆಯ ಲೇತ್‌ಗಳಲ್ಲಿ ಜಾಬ್‌ವರ್ಕ್ ಮಾಡುವ ಮಾಲೀಕರೊಬ್ಬರು ಕಂಪ್ಯೂಟರ್ ಹಿಡಿತದಲ್ಲಿ ನಡೆಯುವ ಸಿಎನ್‌ಸಿ ಯಂತ್ರ ತರಬೇಕೆಂದಿದ್ದಾರೆ ಎಂದುಕೊಳ್ಳೋಣ. ಎಲ್ಲ ಸೇರಿ ಖರ್ಚು 30 ಲಕ್ಷ ರೂಪಾಯಿ. ಕೂಲಿ, ಹಾಳಾಗುವ ಮಾಲು, ವಿದ್ಯುತ್ತು ಇವುಗಳಲ್ಲಿ ವರ್ಷಕ್ಕೆ 6 ಲಕ್ಷ ಉಳಿಯುತ್ತದೆ. ಯಂತ್ರ 10 ವರ್ಷ ದುಡಿಯುತ್ತದೆ. ಎಲ್ಲರೂ ಮೊದಲು ಮಾಡುವ ಲೆಕ್ಕ ಪೇಬ್ಯಾಕ್: 30ನ್ನು 6ರಿಂದ ಭಾಗಿಸಿ, ಐದು ವರ್ಷಕ್ಕೆ ಅಸಲು ಬಂತು. ಇದು ಒರಟು ಲೆಕ್ಕ. ಆರನೇ ವರ್ಷದಿಂದ ಹತ್ತನೇ ವರ್ಷದವರೆಗೆ ಯಂತ್ರ ಏನು ಗಳಿಸುತ್ತದೆ ಎಂಬುದನ್ನು ಅದು ನೋಡುವುದೇ ಇಲ್ಲ. ಆದರೂ ಸಣ್ಣ ಮಾಲೀಕರು ಇದನ್ನೇ ಹಿಡಿದುಕೊಂಡರೆ ನಾನು ತಪ್ಪು ಹೇಳಲಾರೆ. ತಿಂಗಳು ತಿಂಗಳು ಬ್ಯಾಂಕಿನ ಕಂತು ಕಟ್ಟುವವರಿಗೆ ಹಣ ಯಾವಾಗ ಕೈಸೇರುತ್ತದೆ ಎಂಬುದು ಅಳಿವು ಉಳಿವಿನ ಪ್ರಶ್ನೆ. ಮೂರು ವರ್ಷಕ್ಕೊಮ್ಮೆ ವರ್ಗವಾಗಿ ಹೋಗುವ ದೊಡ್ಡ ಕಂಪನಿಯ ಮ್ಯಾನೇಜರುಗಳಿಗೆ ಆ ಸಬೂಬು ಇಲ್ಲ.

ಎರಡನೆಯ ಲೆಕ್ಕ ಸ್ವಲ್ಪ ಸೂಕ್ಷ್ಮ. ಹತ್ತು ವರ್ಷದ ನಂತರ ಬರುವ ಒಂದು ಲಕ್ಷ ರೂಪಾಯಿ ಇಂದಿನ ಒಂದು ಲಕ್ಷಕ್ಕೆ ಸಮವಲ್ಲ. ಹೂಡಿದ ಹಣ ವರ್ಷಕ್ಕೆ ಶೇಕಡಾ 12ರ ದರದಲ್ಲಿ ಬೆಳೆಯುತ್ತದೆ ಎಂದು ಹಿಡಿದರೆ ಅದರ ಇಂದಿನ ಮೌಲ್ಯ ಸುಮಾರು 32 ಸಾವಿರ, ಶೇಕಡಾ 18 ಹಿಡಿದರೆ ಸುಮಾರು 19 ಸಾವಿರ. ಹೀಗೆ ಹತ್ತೂ ವರ್ಷಗಳ 6 ಲಕ್ಷವನ್ನು ಇಂದಿನ ಮೌಲ್ಯಕ್ಕೆ ಇಳಿಸಿ ಕೂಡಿದರೆ, 12ರ ದರದಲ್ಲಿ ಸುಮಾರು 33 ಲಕ್ಷ 90 ಸಾವಿರ ಬರುತ್ತದೆ. ಯಂತ್ರದ ಬೆಲೆ 30 ಲಕ್ಷ, ಆದ್ದರಿಂದ ಕೊಳ್ಳಬಹುದು. 18ರ ದರದಲ್ಲಿ ಮೊತ್ತ 27 ಲಕ್ಷದ ಆಸುಪಾಸು. ಬೇಡ. ಯಂತ್ರ ಅದೇ, ಉಳಿತಾಯವೂ ಅದೇ, ನಾವು ಹಿಡಿದ ದರದಿಂದ ತೀರ್ಮಾನ ತಲೆಕೆಳಗಾಯಿತು.

ಬಹಳ ಕಂಪನಿಗಳು ಎಡವುವುದು ಇಲ್ಲೇ. ಹೊಸ ತಂತ್ರಜ್ಞಾನ ಎಂದರೆ ಅಪಾಯ ಎಂದುಕೊಂಡು ದರವನ್ನು ಏರಿಸುತ್ತಾ ಹೋಗುತ್ತಾರೆ. ಆ ದರದಲ್ಲಿ ಹಣದುಬ್ಬರವೂ ಸೇರಿಕೊಂಡಿರುತ್ತದೆ. ಆದರೆ ಉಳಿತಾಯ ಬರೆಯುವಾಗ ಎಂಟನೇ ವರ್ಷದ ಕೂಲಿಯನ್ನೂ ಇಂದಿನ ಕೂಲಿಯ ದರದಲ್ಲೇ ಬರೆಯುತ್ತಾರೆ. ಒಂದು ಕಡೆ ಬೆಲೆ ಏರುತ್ತದೆ ಎಂದು ಒಪ್ಪಿ ಇನ್ನೊಂದು ಕಡೆ ಮರೆತರೆ, ಒಳ್ಳೆಯ ಯಂತ್ರವೂ ಕಾಗದದ ಮೇಲೆ ಸೋಲುತ್ತದೆ.

ಇನ್ನು ಲೆಕ್ಕಕ್ಕೇ ಬಾರದ ಲಾಭಗಳಿವೆ. ಹಳೆಯ ಕ್ರಮದಲ್ಲಿ ಅರೆಬರೆ ಕೆಲಸವಾದ ಮಾಲು ಒಂದು ಲೇತ್‌ನಿಂದ ಇನ್ನೊಂದಕ್ಕೆ ಹೋಗಲು ಕಾಯುತ್ತಾ ಟ್ರೇಗಳಲ್ಲಿ ಕೂತಿರುತ್ತದೆ. ಅದೂ ಮಾಲೀಕರ ದುಡ್ಡೇ, ಕಬ್ಬಿಣದ ರೂಪದಲ್ಲಿ ಮಲಗಿದೆ ಅಷ್ಟೆ. ಸಿಎನ್‌ಸಿಯಲ್ಲಿ ಒಂದೇ ಸಲ ಕಟ್ಟಿ ಹಲವು ಕೆಲಸ ಮುಗಿಸಬಹುದು. ನಮ್ಮ ಉದಾಹರಣೆಯಲ್ಲಿ ಹೀಗೆ ಕೂತ ಮಾಲು 20 ಲಕ್ಷದಿಂದ 12 ಲಕ್ಷಕ್ಕೆ ಇಳಿಯಿತು ಎನ್ನಿ. 8 ಲಕ್ಷ ಬಿಡುಗಡೆಯಾಯಿತು. ಮೊದಲ ವರ್ಷದಲ್ಲೇ ಬರುವ ಈ ಹಣವನ್ನು ಸೇರಿಸಿ ನೋಡಿ, ಶೇಕಡಾ 18ರ ದರದಲ್ಲೂ ಯಂತ್ರ ಗೆಲ್ಲುತ್ತದೆ.

ಗುಣಮಟ್ಟ, ಬೇಗ ಮಾಲು ಕೊಡುವ ಶಕ್ತಿ, ಡ್ರಾಯಿಂಗ್ ಬದಲಾದಾಗ ಪ್ರೋಗ್ರಾಂ ಬದಲಿಸಿ ಅದೇ ಯಂತ್ರದಲ್ಲಿ ಬೇರೆ ಭಾಗ ತೆಗೆಯುವ ಅನುಕೂಲ, ಇವನ್ನು ರೂಪಾಯಿಯಲ್ಲಿ ಹೇಳುವುದು ಕಷ್ಟ. ಕಷ್ಟವಾದ್ದರಿಂದ ಆ ಕಾಲಂನಲ್ಲಿ ಸೊನ್ನೆ ಬರೆದುಬಿಡುತ್ತಾರೆ. ಅವುಗಳ ಬೆಲೆ ಎಷ್ಟೆಂದು ನಿಖರವಾಗಿ ಗೊತ್ತಿಲ್ಲದಿರಬಹುದು, ಸೊನ್ನೆಯಲ್ಲ ಎಂಬುದಂತೂ ಖಚಿತ. ಪೆಟ್ರೋಲ್ ಎಂಜಿನ್ನಿನ ಬಿಡಿಭಾಗಗಳನ್ನೇ ನಂಬಿದ ಶೆಡ್ಡುಗಳಿಗೆ ವಿದ್ಯುತ್ ವಾಹನಗಳ ಈ ದಿನಗಳಲ್ಲಿ ಆ ಅನುಕೂಲದ ಬೆಲೆ ಬೇರೆ ಹೇಳಬೇಕಾಗಿಲ್ಲ. ಒಂದೇ ಭಾಗಕ್ಕೆಂದು ಮಾಡಿಸಿದ ವಿಶೇಷ ಯಂತ್ರ, ಆ ಭಾಗಕ್ಕೆ ಬೇಡಿಕೆ ನಿಂತ ದಿನ ಗುಜರಿಗೆ ಹೋಗುತ್ತದೆ.

ನನ್ನ ದೃಷ್ಟಿಯಲ್ಲಿ ಎಲ್ಲಕ್ಕಿಂತ ದೊಡ್ಡ ತಪ್ಪು ಹೋಲಿಕೆಯದು. ಯಂತ್ರ ಕೊಳ್ಳದಿದ್ದರೆ ಇಂದಿನ ವ್ಯಾಪಾರ ಹೀಗೇ ನಡೆದುಕೊಂಡು ಹೋಗುತ್ತದೆ ಎಂದು ಎಲ್ಲರೂ ಒಳಗೊಳಗೇ ಊಹಿಸಿಕೊಂಡಿರುತ್ತಾರೆ. ಹಾಗೆ ನಡೆಯುವುದು ಅಪರೂಪ. ಪಕ್ಕದ ಶೆಡ್ಡಿನವರು ಕೊಳ್ಳುತ್ತಾರೆ. ಗ್ರಾಹಕ ಕಂಪನಿ ಮುಂದಿನ ಡ್ರಾಯಿಂಗ್‌ನಲ್ಲಿ ಅಳತೆಯನ್ನು ಇನ್ನೂ ಹತ್ತು ಮೈಕ್ರಾನ್ ಬಿಗಿ ಮಾಡುತ್ತದೆ. ಮೂರು ವರ್ಷದಲ್ಲಿ ಆರ್ಡರು ಅರ್ಧಕ್ಕೆ ಇಳಿಯಬಹುದು. ಹೊಸ ಯಂತ್ರವನ್ನು ಹೋಲಿಸಬೇಕಾದದ್ದು ಹಾಗೆ ಇಳಿಯುವ ವ್ಯಾಪಾರದೊಂದಿಗೆ.

ಹಾಗೆಂದು ದುಡ್ಡು ಸುರಿದವರೆಲ್ಲ ಗೆದ್ದಿಲ್ಲ. ಅಮೆರಿಕದ ಜನರಲ್ ಮೋಟಾರ್ಸ್ 1980ರ ದಶಕದಲ್ಲಿ ರೋಜರ್ ಸ್ಮಿತ್ ಅವರ ಮುಂದಾಳತ್ವದಲ್ಲಿ ರೋಬಾಟುಗಳಿಗೂ ಹೊಸ ಕಾರ್ಖಾನೆಗಳಿಗೂ ಸಾವಿರಾರು ಕೋಟಿ ಡಾಲರ್ ಖರ್ಚು ಮಾಡಿತು. ಡೆಟ್ರಾಯಿಟ್‌ನ ಹ್ಯಾಮ್‌ಟ್ರಾಮ್‌ಕ್ ಕಾರ್ಖಾನೆಯಲ್ಲಿ ಬಣ್ಣ ಬಳಿಯುವ ರೋಬಾಟುಗಳು ಕಾರು ಬಿಟ್ಟು ಒಂದಕ್ಕೊಂದು ಬಣ್ಣ ಬಳಿದ ಸುದ್ದಿ ಲೋಕಕ್ಕೆಲ್ಲ ಹಬ್ಬಿತು. ಅದೇ ಹೊತ್ತಿನಲ್ಲಿ, 1984ರಲ್ಲಿ, ಇದೇ ಕಂಪನಿ ಟೊಯೋಟಾ ಜೊತೆಗೂಡಿ ಕ್ಯಾಲಿಫೋರ್ನಿಯಾದ ಫ್ರೀಮಾಂಟ್‌ನಲ್ಲಿ ತನ್ನದೇ ಮುಚ್ಚಿದ್ದ ಕಾರ್ಖಾನೆಯನ್ನು ಮತ್ತೆ ತೆರೆಯಿತು. ಕೆಲಸಕ್ಕೆ ತೆಗೆದುಕೊಂಡವರಲ್ಲಿ ಹೆಚ್ಚಿನವರು ಅಲ್ಲಿನ ಹಳೆಯ ಕಾರ್ಮಿಕರೇ, ಯಾಂತ್ರೀಕರಣ ಮಿತವಾಗಿತ್ತು. ಕೆಲಸದ ಕ್ರಮವನ್ನು ಮಾತ್ರ ಬುಡದಿಂದ ಬದಲಿಸಿದರು. ಗುಣಮಟ್ಟದಲ್ಲಿ ಆ ಕಾರ್ಖಾನೆ ಕಂಪನಿಯ ಉಳಿದವುಗಳನ್ನು ಹಿಂದಿಕ್ಕಿತು.

ಯಂತ್ರವನ್ನು ಕೆಲಸಕ್ಕೆ ಹೊಂದಿಸಿಕೊಳ್ಳುವ ಖರ್ಚು ಅದರ ಬಿಲ್ಲಿನಲ್ಲಿ ಇರುವುದಿಲ್ಲ. ಆಪರೇಟರ್ ತರಬೇತಿ, ಪ್ರೋಗ್ರಾಂ ಬರೆಯುವವರ ಸಂಬಳ, ಕಟಿಂಗ್ ಟೂಲು, ಅಡಿಪಾಯ, ವೋಲ್ಟೇಜ್ ಸ್ಟೆಬಿಲೈಸರ್, ಮೊದಲ ತಿಂಗಳುಗಳ ರಿಜೆಕ್ಷನ್, ಇವೆಲ್ಲವನ್ನೂ ಅಸಲಿಗೆ ಸೇರಿಸಬೇಕು. ಕೊಂಡ ಯಂತ್ರಕ್ಕೆ ಎರಡು ಶಿಫ್ಟಿನ ಕೆಲಸ ಸಿಗುತ್ತದೆಯೇ ಎಂದೂ ಕೇಳಿಕೊಳ್ಳಬೇಕು. ಒಂದೇ ಶಿಫ್ಟು ಓಡಿದರೆ ಆ 6 ಲಕ್ಷದ ಉಳಿತಾಯ ಅರ್ಧವಾದರೂ ಆಶ್ಚರ್ಯವಿಲ್ಲ.

ಬೆಂಗಳೂರಿನ ತುಮಕೂರು ರಸ್ತೆಯಲ್ಲಿ ಇಮ್‌ಟೆಕ್ಸ್ ಯಂತ್ರ ಮೇಳ ನಡೆಯುತ್ತದಲ್ಲ, ಅಲ್ಲಿಗೆ ಬರೀ ಕೈಯಲ್ಲಿ ಹೋಗಬೇಡಿ. ನಿಮ್ಮ ಡ್ರಾಯಿಂಗ್ ಒಯ್ಯಿರಿ. ಆಮೇಲೆ ನಿಮ್ಮ ಕಚ್ಚಾ ಮಾಲನ್ನೇ ಕೊಟ್ಟು, ಮಾಲು ಕಟ್ಟಿ ಬಿಚ್ಚುವ ಸಮಯವೂ ಸೇರಿ ಒಂದು ಪೀಸಿಗೆ ಎಷ್ಟು ನಿಮಿಷ ಹಿಡಿಯುತ್ತದೆ ಎಂದು ತಯಾರಕರಿಂದ ಮಾಡಿಸಿ ನೋಡಿ. ಆ ಸಂಖ್ಯೆಯನ್ನು ಬರೆದಿಟ್ಟುಕೊಳ್ಳಿ, ಯಂತ್ರ ಬಂದು ಒಂದು ವರ್ಷವಾದ ಮೇಲೆ ನಿಮ್ಮ ಶೆಡ್ಡಿನಲ್ಲಿ ನಿಜಕ್ಕೂ ಹಿಡಿಯುತ್ತಿರುವ ಸಮಯವನ್ನು ಅದರ ಪಕ್ಕದಲ್ಲಿ ಬರೆಯಿರಿ. ಎರಡನೇ ಯಂತ್ರದ ಪ್ರಸ್ತಾವ ಬಂದಾಗ ಮೊದಲು ತೆರೆಯಬೇಕಾದ ಪುಟ ಅದು.