ಮಕ್ಕಳ ಕೈಗೆ ಮಣ್ಣು ತಾಗಲಿ



ಹಾಳಾಗಿ ಹೋದದ್ದಕ್ಕೆ ಕನ್ನಡದಲ್ಲಿ ‘ಮಣ್ಣುಪಾಲಾಯಿತು’ ಎನ್ನುತ್ತೇವೆ. ಉರ್ದುವಿನಲ್ಲೂ ‘ಮಿಟ್ಟಿ ಮೇ ಮಿಲ್ ಗಯಾ’ ಎನ್ನುತ್ತೇವೆ. ಎರಡೂ ಭಾಷೆ ಕಲಿಸುವ ನಾನು ಇಂದು ಮಣ್ಣಿನ ಪರವಾಗಿ ನಾಲ್ಕು ಮಾತು ಹೇಳಬಯಸುತ್ತೇನೆ.

ನಮ್ಮ ತ್ಯಾಗಲಿ ಸುತ್ತಲಿನ ಅಡಿಕೆ ತೋಟಗಳನ್ನು ನೋಡಿ. ಬೆಟ್ಟದ ಸೊಪ್ಪು ಕೊಟ್ಟಿಗೆ ಸೇರಿ, ಗೊಬ್ಬರವಾಗಿ ತೋಟಕ್ಕೆ ಬರುತ್ತದೆ. ಸೊಪ್ಪನ್ನು ಗೊಬ್ಬರ ಮಾಡುವವು ಕಣ್ಣಿಗೆ ಕಾಣದ ಸೂಕ್ಷ್ಮಾಣುಗಳು. ಮೊದಲ ಮಳೆಗೆ ಮಣ್ಣಿನಿಂದ ಏಳುವ ಆ ಪರಿಮಳಕ್ಕೂ ಮಣ್ಣಿನ ಬ್ಯಾಕ್ಟೀರಿಯಾಗಳು ತಯಾರಿಸುವ ಜಿಯೋಸ್ಮಿನ್ ಮುಖ್ಯ ಕಾರಣ.

ಇವು ನಮ್ಮ ಮನಸ್ಸನ್ನೂ ಮುಟ್ಟುತ್ತವೆಯೇ? 2007ರಲ್ಲಿ ಇಂಗ್ಲೆಂಡಿನ ಬ್ರಿಸ್ಟಲ್ ವಿಶ್ವವಿದ್ಯಾಲಯದ ಕ್ರಿಸ್ಟೋಫರ್ ಲೌರಿ ಮತ್ತು ಸಂಗಡಿಗರು ಮಣ್ಣಿನಲ್ಲಿರುವ ಮೈಕೋಬ್ಯಾಕ್ಟೀರಿಯಂ ವ್ಯಾಕೆ ಎಂಬ ಬ್ಯಾಕ್ಟೀರಿಯಾವನ್ನು ಕೊಂದು, ಇಲಿಗಳಿಗೆ ಚುಚ್ಚಿ ನೋಡಿದರು. ಇಲಿಗಳ ಮಿದುಳಿನಲ್ಲಿ ಸಿರೊಟೋನಿನ್ ತಯಾರಿಸುವ ನರಕೋಶಗಳು ಚುರುಕಾದವು. ನಮ್ಮ ಮನಸ್ಸಿನ ಏರಿಳಿತಕ್ಕೂ ಸಿರೊಟೋನಿನ್‌ಗೂ ನಂಟಿದೆ. 2020ರಲ್ಲಿ ಪ್ರಕಟವಾದ ಫಿನ್ಲೆಂಡಿನ ಅಧ್ಯಯನದಲ್ಲಿ ಶಿಶುವಿಹಾರದ ಅಂಗಳಕ್ಕೆ ಕಾಡಿನ ನೆಲವನ್ನೇ ತಂದು ಹಾಸಿದರು. 28 ದಿನಗಳಲ್ಲಿ ಅಲ್ಲಿ ಆಡಿದ ಮಕ್ಕಳ ಚರ್ಮದ ಸೂಕ್ಷ್ಮಾಣುಗಳ ವೈವಿಧ್ಯ ಹೆಚ್ಚಿತು. ರಕ್ತದಲ್ಲಿ ರೋಗನಿರೋಧಕ ಶಕ್ತಿ ಹದಗೊಂಡ ಲಕ್ಷಣಗಳು ಕಂಡವು.

ಆದರೆ ಇಲಿಗೆ ಆದದ್ದೆಲ್ಲ ಮನುಷ್ಯನಿಗೂ ಆಗುತ್ತದೆ ಎನ್ನಲಾಗದು. ಮಣ್ಣು ಔಷಧಿಯಲ್ಲ. ಪರೀಕ್ಷೆಯ ಭಯದಿಂದ ಮಾತೇ ಬಿಟ್ಟಿದ್ದ ಹತ್ತನೇ ತರಗತಿಯ ಒಬ್ಬ ಹುಡುಗಿ, ಶಾಲೆಯ ಕೈತೋಟದಲ್ಲಿ ಬದನೆ ಸಸಿ ನೆಡುತ್ತಾ ನನ್ನೊಡನೆ ಮನಸ್ಸು ಬಿಚ್ಚಿದಳು. ಅದು ಸೂಕ್ಷ್ಮಾಣುವಿನ ಗುಣವೋ, ಬಿಸಿಲಿನದೋ, ಜೊತೆಗೆ ಕೂತವರದೋ? ನಾನು ಹೇಳಲಾರೆ. ಪುಸ್ತಕದ ಮುಂದೆ ಕೂರಿಸಿ ಕೇಳಿದ್ದರೆ ಅವಳು ಬಾಯಿ ಬಿಡುತ್ತಿರಲಿಲ್ಲ ಎಂಬುದು ಮಾತ್ರ ಗೊತ್ತು.

ಎಚ್ಚರವೂ ಬೇಕು. ಗಾಯವಿದ್ದರೆ ಮಣ್ಣು ಮುಟ್ಟಬೇಡಿ, ಧನುರ್ವಾಯು ಚುಚ್ಚುಮದ್ದು ತಪ್ಪಿಸಬೇಡಿ, ಕೆಲಸ ಮುಗಿದ ಮೇಲೆ ಸೋಪಿನಿಂದ ಕೈ ತೊಳೆಯಿರಿ. 2024ರಲ್ಲಿ ನಮ್ಮ ಸಿದ್ದಾಪುರ ತಾಲ್ಲೂಕು ಮಂಗನ ಕಾಯಿಲೆಯನ್ನು ಕಂಡಿದೆ. ಉಣ್ಣೆಗಳಿರುವ ಕಾಡಿನ ದರಕಿಗೆ ಮಕ್ಕಳನ್ನು ಕಳಿಸದೆ ಅಂಗಳದಲ್ಲೇ ಎರಡು ಕುಂಡ ಇಡಿ. ಬೇಸರ ವಾರಗಟ್ಟಲೆ ಬಿಡದಿದ್ದರೆ ವೈದ್ಯರನ್ನು ಕಾಣಿರಿ; ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಉಚಿತವಾಗಿ ಕರೆ ಮಾಡಬಹುದು.

ತಾಯಂದಿರಲ್ಲಿ ಒಂದೇ ವಿನಂತಿ: ಮಗು ಮಣ್ಣಾದ ಬಟ್ಟೆಯಲ್ಲಿ ಮನೆಗೆ ಬಂದರೆ ಬೈಯುವ ಮೊದಲು ಅದರ ಮುಖ ನೋಡಿ. ಬಟ್ಟೆಯ ಕೊಳೆ ಒಗೆದರೆ ಹೋಗುತ್ತದೆ.