ಮೈಮೇಲೆ ಬಂದ ದೊರೆ, ಕಾಡಿನ ಭಾವ



ಆಫ್ರಿಕಾದ ನೈಜರ್ ಪ್ರದೇಶ ಫ್ರೆಂಚರ ಆಳ್ವಿಕೆಯಲ್ಲಿತ್ತು. 1925ರ ಸುಮಾರಿಗೆ ಅಲ್ಲಿನ ಜನರ ಮೈಮೇಲೆ ಹೊಸ ದೇವರುಗಳು ಬರತೊಡಗಿದವು. ಒಂದು ಗವರ್ನರ್, ಒಂದು ಜನರಲ್, ಮತ್ತೊಂದು ರೈಲು ಓಡಿಸುವವ! 'ಹೌಕ' ಎಂಬುದು ಇವುಗಳ ಹೆಸರು. ದೊರೆಗಳ ಮುಂದೆ ತಲೆ ತಗ್ಗಿಸಿ ನಿಂತವರು, ಮೈದುಂಬಿದಾಗ ತಾವೇ ದೊರೆಗಳಾಗಿ ಹುಕುಂ ಹೊರಡಿಸುತ್ತಿದ್ದರು. ಸರ್ಕಾರ ಅವರನ್ನು ಹಿಡಿದು ಜೈಲಿಗೆ ಹಾಕಿತು.

ದೂರದ ಮಾತೇಕೆ? 1809ರ ತಿರುವಾಂಕೂರು ಯುದ್ಧದಲ್ಲಿ ಗಾಯಗೊಂಡು ಸತ್ತ ಇಂಗ್ಲಿಷ್ ಅಧಿಕಾರಿಯೊಬ್ಬನ ಗೋರಿಗೆ ತಿರುನೆಲ್ವೇಲಿ ಸೀಮೆಯ ಜನ ಸಾರಾಯಿ, ಚುಟ್ಟಾ ಎಡೆಯಿಟ್ಟರು. ಬದುಕಿದ್ದಾಗ ಹೆದರಿಸಿದವನನ್ನು ಸತ್ತ ಮೇಲೆ ಸಮಾಧಾನಪಡಿಸುವ ದಾರಿ ಅದು.

ಕೊಳ್ಳೇಗಾಲ, ಹನೂರು, ಯಳಂದೂರು ಸೀಮೆಯ ಕಥೆ ಬೇರೆ. 1799ರಲ್ಲಿ ಟಿಪ್ಪು ಮಡಿದ ಬಳಿಕ ಕೊಳ್ಳೇಗಾಲ ಕಂಪನಿಯ ಪಾಲಾಗಿ ಕೊಯಮತ್ತೂರು ಜಿಲ್ಲೆಗೆ ಸೇರಿತು. ಹನೂರು ಆಗ ಅದರೊಳಗೇ ಇತ್ತು. ಯಳಂದೂರು 1807ರಲ್ಲಿ ದಿವಾನ್ ಪೂರ್ಣಯ್ಯನವರ ಜಹಗೀರಾಯಿತು. 1882ರ ಮದರಾಸು ಅರಣ್ಯ ಕಾಯ್ದೆ ಬಂದ ಮೇಲೆ, ಮೀಸಲು ಕಾಡಿನಲ್ಲಿ ಬೆಂಕಿ ಹಚ್ಚುವುದು, ಕಡಿದು ಬಿತ್ತುವುದು ಅಪರಾಧವಾಯಿತು. ಸೋಲಿಗರ ಬದುಕೇ ಅದಾಗಿತ್ತು.

ಸೋಲಿಗರು ದೊರೆಯನ್ನು ದೇವರಾಗಿಸಲಿಲ್ಲ. ಅವರ ಬಳಿ ಬೇರೆಯೇ ನಕ್ಷೆ ಇತ್ತು. ಒಂದೊಂದು ಕುಲಕ್ಕೂ ಒಂದು 'ಯೆಲ್ಲೆ'. ಅದರೊಳಗೆ ದೇವರು, ಮಾರಮ್ಮ, ವೀರು, ಕಲ್ಲುಗುಡಿ, ಅಬ್ಬಿ. ಬಿಳಿಗಿರಿರಂಗ ಸೋಲಿಗರ ಹೆಣ್ಣು ಕುಸುಮಾಲೆಯ ಕೈಹಿಡಿದವನು, ಹಾಗಾಗಿ ಅವರಿಗೆ ಭಾವ. ಭಾವನ ಕಾಡಿಗೆ ಹೋಗಲು ಪರವಾನಗಿ ಏಕೆ? ಇಂಥ ಆಚರಣೆಗಳು ಬ್ರಿಟಿಷರನ್ನು ಎದುರಿಸಲೆಂದೇ ಹುಟ್ಟಿದವಲ್ಲ. ಆದರೆ ಕಾಯ್ದೆಯ ಕಾಲದಲ್ಲಿ ಅವುಗಳನ್ನು ಉಳಿಸಿಕೊಂಡದ್ದೇ ಒಂದು ಉತ್ತರವಾಯಿತು. ದೇವರು ಮೈಮೇಲೆ ಬಂದಾಗ ಪ್ರಶ್ನೆ ಕೇಳುವವನು ರೇಂಜರನಲ್ಲ, ಬರಿಗಾಲಿನ ಪೂಜಾರಿ.

ದೊರೆಗಳು ಹೋದರೂ ಕಾಯ್ದೆಯ ಗುಣ ಹೋಗಲಿಲ್ಲ. 1974ರಲ್ಲಿ ಬಿಳಿಗಿರಿ ಬೆಟ್ಟ ವನ್ಯಧಾಮವಾಯಿತು. ಸೋಲಿಗರನ್ನು ಕಾಡಿನೊಳಗಿನ ಪೋಡುಗಳಿಂದ ಎಬ್ಬಿಸಲಾಯಿತು. 2006ರ ಅರಣ್ಯ ಹಕ್ಕು ಕಾಯ್ದೆಯ ನಂತರ, 2011ರಲ್ಲಿ ಸಮುದಾಯ ಹಕ್ಕುಪತ್ರ ಸಿಕ್ಕಿತು. ಅದೇ ವರ್ಷ ಕಾಡು ಹುಲಿ ಮೀಸಲು ಪ್ರದೇಶವೂ ಆಯಿತು!

ಮೈಮೇಲೆ ದೇವರು ಬರುವುದನ್ನು ಮೌಢ್ಯವೆಂದು ತಳ್ಳಿಹಾಕುವುದು ಸುಲಭ. ಕಚೇರಿಯಲ್ಲಿ ಬಾಯಿಲ್ಲದವರಿಗೆ ಅಲ್ಲಿ ಬಾಯಿ ಬರುತ್ತದೆ ಎಂಬುದನ್ನು ಮರೆಯಬಾರದು. ಆ ದನಿಗೆ ಕಿವಿಗೊಡದ ಇತಿಹಾಸ ಅರ್ಧ ಇತಿಹಾಸವಷ್ಟೆ.