ಮೂಲಂಗಿಯ ವಿಚಾರ



ದಿನವೂ ನಮ್ಮ ಊಟದ ಎಲೆಗೆ ಬರುವ ಪದಾರ್ಥಗಳ ವಿಚಾರವಾಗಿ ನಾವು ಆಲೋಚಿಸುವುದು ಕಡಮೆ. ಅವುಗಳಲ್ಲಿಯೂ ಮೂಲಂಗಿಗೆ ಸಲ್ಲುವ ಮರ್ಯಾದೆ ಬಹು ಸ್ವಲ್ಪ. ಅದರ ಬೆಲೆ ಅಗ್ಗ, ವಾಸನೆ ಕಟು, ವ್ರತದ ದಿನಗಳಲ್ಲಿ ಕೆಲವು ಮನೆಗಳಿಗೆ ಅದು ವರ್ಜ್ಯ. ಆದರೂ ಎಳೆಯ ಮೂಲಂಗಿಯ ಹುಳಿಯನ್ನು ಸವಿದು ಬಲ್ಲವರಾರೂ ಅದನ್ನು ಅಲ್ಪವಸ್ತುವೆಂದು ಹೇಳಲಾರರು. ಈ ಗಡ್ಡೆಯ ವಿಚಾರದಲ್ಲಿ ನಾನು ಹೇಳಬೇಕೆಂದಿರುವ ಮಾತು ಎರಡೇ: ಅದನ್ನು ಎಳೆಯದಾಗಿ ತಿನ್ನಬೇಕು, ಇಡಿಯಾಗಿ ತಿನ್ನಬೇಕು.

ಸಂಸ್ಕೃತದಲ್ಲಿ ಇದಕ್ಕೆ ಮೂಲಕವೆಂದು ಹೆಸರು, ಮೂಲವೆಂದರೆ ಬೇರು. ಇಂಗ್ಲಿಷರ ರ‍್ಯಾಡಿಷ್ ಎಂಬ ಪದವೂ ಬೇರೆಂಬ ಅರ್ಥವುಳ್ಳ ಲ್ಯಾಟಿನ್ ಶಬ್ದದಿಂದಲೇ ಬಂದುದು. ಹೀಗೆ ಹೆಸರೇ ನಮ್ಮ ದೃಷ್ಟಿಯನ್ನು ನೆಲದೊಳಗಿನ ಭಾಗಕ್ಕೆ ಸೆಳೆದು, ಮೇಲಿನ ಸೊಪ್ಪನ್ನು ಮರೆಯಿಸಿದೆ. ಸಸ್ಯಶಾಸ್ತ್ರಜ್ಞರು ಈ ಗಿಡವನ್ನು ಸಾಸಿವೆ, ಎಲೆಕೋಸುಗಳ ಕುಟುಂಬಕ್ಕೆ ಸೇರಿಸುವರು. ಮುಂದೆ ಹೂ ಬಿಟ್ಟು ಬೀಜ ಕಟ್ಟುವುದಕ್ಕಾಗಿ ಗಿಡವು ಬೇರಿನಲ್ಲಿ ಆಹಾರವನ್ನು ಕೂಡಿಡುತ್ತದೆ. ನಾವು ಗಡ್ಡೆಯೆಂದು ಕರೆಯುವುದು ಆ ಉಗ್ರಾಣವನ್ನೇ. ಕೀಳುವುದು ತಡವಾದರೆ ಒಳಗಿನ ತಿರುಳು ಸಡಿಲಗೊಂಡು ಬೆಂಡಾಗುತ್ತದೆ. ಹೂದಂಟು ಎದ್ದಿತೆಂದರೆ ಗಡ್ಡೆ ನಾರಾಗುತ್ತದೆ. ಎಳೆಯ ಮೂಲಂಗಿ ದೋಷಹರವೆಂದೂ ಬಲಿತುದು ದೋಷಕರವೆಂದೂ ಆಯುರ್ವೇದದವರು ಭೇದವೆಣಿಸಿರುವುದು ಇಲ್ಲಿ ನೆನೆಯತಕ್ಕದ್ದು.

ಅದರ ಘಾಟಿಗೂ ಕಾರಣವುಂಟು. ಗಡ್ಡೆಯಲ್ಲಿ ಗಂಧಕವನ್ನೊಳಗೊಂಡ ಒಂದು ದ್ರವ್ಯವೂ, ಅದರಿಂದ ಬೇರೆಯಾಗಿ ಒಂದು ಕಿಣ್ವವೂ ಇರುವುವು. ಚಾಕುವೋ ಹಲ್ಲೋ ತಾಗಿ ಜೀವಕೋಶಗಳು ಒಡೆದಾಗ ಇವೆರಡೂ ಕೂಡಿ ಘಾಟು ಹುಟ್ಟುತ್ತದೆ. ಅರೆದ ಸಾಸಿವೆಯ ಘಾಟೂ ಇದೇ ಬಗೆಯದು. ಬೇಯಿಸಿದರೆ ಕಿಣ್ವವು ಕೆಡುವುದರಿಂದ ಖಾರ ತಗ್ಗುತ್ತದೆ. ಕೋಸಂಬರಿಯಲ್ಲಿ ಮೂಗಿಗೆ ಏರುವ ಮೂಲಂಗಿಯು ಹುಳಿಯಲ್ಲಿ ಸೌಮ್ಯವಾಗುವುದು ಇದರಿಂದಲೇ.

ಇದರ ಬೇಸಾಯ ಸುಲಭವಾದರೂ ನಿರ್ಲಕ್ಷ್ಯವನ್ನು ಸಹಿಸದು. ಬೀಜವನ್ನು ಬೆಳೆಯುವ ಸ್ಥಳದಲ್ಲಿಯೇ ಅರ್ಧ ಅಂಗುಲ ಆಳಕ್ಕೆ ಬಿತ್ತಬೇಕು. ಸಸಿಯನ್ನು ಕಿತ್ತು ನೆಟ್ಟರೆ ಬೇರು ಕವಲೊಡೆಯುತ್ತದೆ. ಕಲ್ಲು ಬೆರೆತ ಮಣ್ಣಿನಲ್ಲಿಯೂ, ಕೊಳೆಯದ ಹಸಿಗೊಬ್ಬರ ಹಾಕಿದ ಪಾತಿಯಲ್ಲಿಯೂ ಹೀಗೆಯೇ. ಮೊಳೆತ ಮೇಲೆ ನಾಲ್ಕು ಬೆರಳಿಗೊಂದರಂತೆ ಗಿಡಗಳನ್ನುಳಿಸಿ ಮಿಕ್ಕವನ್ನು ಕೀಳಬೇಕು. ಕಿತ್ತ ಸಸಿಗಳು ಒಳ್ಳೆಯ ಸೊಪ್ಪು. ಬಿಸಿಲು ಹೆಚ್ಚಿ ನೀರು ಸಾಲದಾದರೆ ಗಡ್ಡೆ ಒರಟಾಗಿ ಘಾಟೇರುತ್ತದೆ.

ಜಾತಿಗಳು ಅನೇಕ. ಯೂರೋಪಿನ ಪುಟ್ಟ ಕೆಂಪು ಮೂಲಂಗಿ 25-30 ದಿನಗಳಲ್ಲಿ ಸಿದ್ಧವಾಗುತ್ತದೆ. ಆದರೆ ಅದು ಬೀಜ ಕಟ್ಟುವುದಕ್ಕೆ ಬೆಟ್ಟಪ್ರದೇಶದ ಚಳಿ ಬೇಕು. ನಮ್ಮ ಉದ್ದನೆಯ ಬಿಳಿಯ ಜಾತಿಗಳು ಬಯಲುಸೀಮೆಯಲ್ಲಿಯೇ ಬೀಜ ಕೊಡುವುವು. ಬೇಸಗೆಗೆ ತಕ್ಕುದೆಂದು ಪೂಸಾ ಚೇತ್ಕಿ ಹೆಸರಾಗಿದೆ. ಬೇಗನೆ ಬೆಂಡಾಗದ ಅರ್ಕ ನಿಶಾಂತ್ ಎಂಬುದು ನಮ್ಮ ಹೆಸರಘಟ್ಟದ ತೋಟಗಾರಿಕೆಯ ಸಂಶೋಧನ ಸಂಸ್ಥೆಯ ಕೊಡುಗೆ. ಜಪಾನಿನ ಸಕುರಾಜಿಮದಲ್ಲಿ ಜ್ವಾಲಾಮುಖಿಯ ಬೂದಿಮಣ್ಣಿನಲ್ಲಿ ಬೆಳೆಯುವ ಮೂಲಂಗಿಯಂತೂ ಕುಂಬಳಕಾಯಿಯಷ್ಟು ದಪ್ಪ. ಆ ದೇಶದವರು ಉದ್ದನೆಯ ಮೂಲಂಗಿಯನ್ನು ಒಣಗಿಸಿ, ಅಕ್ಕಿಯ ತೌಡು, ಉಪ್ಪುಗಳಲ್ಲಿ ಹೂಳಿ ಉಪ್ಪಿನಕಾಯಿ ಮಾಡುವರು. ಉತ್ತರ ಹಿಂದೂಸ್ಥಾನದಲ್ಲಿ ಎಳೆಯ ಕಾಯಿಗಳಿಗಾಗಿಯೇ ಬೆಳೆಯುವ ಒಂದು ಬಗೆಯೂ ಉಂಟು.

ಇನ್ನು ಸೊಪ್ಪಿನ ಮಾತು. ಗಡ್ಡೆಯಲ್ಲಿ ನೂರಕ್ಕೆ ಸುಮಾರು 95 ಪಾಲು ನೀರು. ಅದರಲ್ಲಿ ಸಿ ಜೀವಸತ್ವ ಇಲ್ಲವೆಂದಲ್ಲ. ಆದರೆ ಸೊಪ್ಪಿನಲ್ಲಿ ಅದು ಹಲವು ಮಡಿ ಹೆಚ್ಚು. ಎಲುಬು, ಹಲ್ಲುಗಳಿಗೆ ಬೇಕಾದ ಸುಣ್ಣದ ಅಂಶವೂ ಹಾಗೆಯೇ. ಕಣ್ಣಿಗೆ ಹಿತವಾದ ಎ ಜೀವಸತ್ವವನ್ನು ಒದಗಿಸುವ ಕೆರೊಟೀನ್ ಬಿಳಿಯ ಗಡ್ಡೆಯಲ್ಲಿ ಇಲ್ಲವೆನ್ನುವಷ್ಟು ಕಡಮೆ, ಸೊಪ್ಪಿನಲ್ಲಿ ಹೇರಳ. ಹೀಗಿದ್ದೂ ಪೇಟೆಯಲ್ಲಿ ಸೊಪ್ಪನ್ನು ಮುರಿದು ಅಲ್ಲಿಯೇ ಬಿಟ್ಟು, ಗಡ್ಡೆಯನ್ನು ಮಾತ್ರ ಚೀಲಕ್ಕೆ ಹಾಕಿಕೊಂಡು ಬರುವವರು ಎಷ್ಟು ಮಂದಿ! ಒಂದೇ ಬೆಲೆಗೆ ಎರಡು ತರಕಾರಿಗಳನ್ನು ಕೊಂಡು, ಹೆಚ್ಚು ಪುಷ್ಟಿಕರವಾದುದನ್ನು ದನಗಳಿಗೋ ತಿಪ್ಪೆಗೋ ಬಿಡುವುದು ಎಂತಹ ಮಿತವ್ಯಯ? ಬೆಳೆಯುವ ಮಕ್ಕಳಿರುವ, ಹಾಲು ಹಣ್ಣುಗಳಿಗೆ ಕೈ ಸಾಲದ ಸಂಸಾರಗಳಿಗೆ ಈ ನಷ್ಟ ಅಲ್ಪವಲ್ಲ.

ಆದುದರಿಂದ ಕೊಳ್ಳುವಾಗ ಹಸುರು ಬಾಡದ ಸೊಪ್ಪುಳ್ಳ, ಗಾತ್ರಕ್ಕೆ ತಕ್ಕ ತೂಕವುಳ್ಳ ಗಡ್ಡೆಯನ್ನು ಆರಿಸಿರಿ, ಹಗುರವಾದುದು ಬೆಂಡು. ಮನೆಗೆ ತಂದೊಡನೆ ಸೊಪ್ಪನ್ನು ಬೇರ್ಪಡಿಸಿರಿ. ಹಾಗೆಯೇ ಬಿಟ್ಟರೆ ಅದು ಗಡ್ಡೆಯ ನೀರನ್ನು ಹೀರಿ ಸೊರಗಿಸುತ್ತದೆ. ಗಡ್ಡೆ ಮರುದಿನದ ಹುಳಿಗೋ ಮೊಸರುಪಚ್ಚಡಿಗೋ ಇರಲಿ. ಸೊಪ್ಪನ್ನು ಚೆನ್ನಾಗಿ ತೊಳೆದು, ಸಣ್ಣಗೆ ಹೆಚ್ಚಿ, ಹೆಸರುಬೇಳೆ, ತೆಂಗಿನ ತುರಿ ಕೂಡಿಸಿ ಆ ದಿನವೇ ಪಲ್ಯ ಮಾಡಿರಿ. ಅದರ ಸಣ್ಣ ಕಹಿಗೆ ನಾಲಗೆ ಒಗ್ಗುವುದಕ್ಕೆ ಬಹಳ ದಿನ ಬೇಕಾಗದು.